ಜಾನ್ ಬನಿಯನ್ ಓದುವವರು ಪದೇ ಪದೇ ಕೇಳುವ ಪ್ರಶ್ನೆಗಳು

ನಂಬಿಕೆ, ಇಂಗ್ಲೆಂಡಿನ ಚರಿತ್ರೆ, ಸಂಸಾರ, ಮನಸ್ಸಿನೊಳಗಿನ ಗುದ್ದಾಟ. ಈ ನಾಲ್ಕೂ ಒಟ್ಟಿಗೆ ಸಿಗುವ ಪುಸ್ತಕ ಯಾವುದು ಎಂದು ಯಾರಾದರೂ ಕೇಳಿದರೆ ನಾನು ಹೇಳುವುದು ಬನಿಯನ್ ಹೆಸರು. ಹೆಸರು ಹೇಳಿದ್ದೇ ತಡ, ಪ್ರಶ್ನೆಗಳು ಶುರುವಾಗುತ್ತವೆ. ಮಾತಿನಲ್ಲಿ, ಪತ್ರಗಳಲ್ಲಿ ಮತ್ತೆ ಮತ್ತೆ ಬಂದವುಗಳನ್ನು ಕೇಳಿದವರ ಮಾತಿನಲ್ಲೇ ಇಲ್ಲಿ ಇಟ್ಟಿದ್ದೇನೆ.

## ಓದು ಶುರುಮಾಡುವ ಮುನ್ನ

ಬನಿಯನ್ ಯಾರು? ಹೆಸರು ಕೇಳಿದ್ದೀನಿ, ಅಷ್ಟೇ.

ಇಂಗ್ಲೆಂಡಿನ ಬೆಡ್‌ಫರ್ಡ್ ಊರಿನ ಪಕ್ಕದ ಎಲ್‌ಸ್ಟೋ ಎಂಬ ಹಳ್ಳಿಯಲ್ಲಿ 1628ರಲ್ಲಿ ಹುಟ್ಟಿದವನು. ಅಪ್ಪನದು ತೂತು ಬಿದ್ದ ಪಾತ್ರೆಗಳಿಗೆ ತೇಪೆ ಹಚ್ಚಿ ಸರಿಮಾಡುವ ಕೆಲಸ. ಮಗನೂ ಅದನ್ನೇ ಕಲಿತ. ಅವನ ಹೆಸರು ಮತ್ತು 1647ರ ಇಸವಿ ಕೆತ್ತಿದ, ಲೋಹ ಬಡಿಯುವಾಗ ಕೆಳಗಿಡುವ ಅಡಿಗಲ್ಲೊಂದು ಬೆಡ್‌ಫರ್ಡಿನ ವಸ್ತುಸಂಗ್ರಹಾಲಯದಲ್ಲಿ ಇವತ್ತಿಗೂ ಇದೆ. ಕಬ್ಬಿಣದ ಆ ಅಡಿಗಲ್ಲಿನ ತೂಕ ಸುಮಾರು 27 ಕಿಲೋ. ಅದನ್ನು ಬೆನ್ನಿಗೆ ಹೇರಿಕೊಂಡು ಊರೂರು ಸುತ್ತಿ ಪಾತ್ರೆ ಸರಿಮಾಡುತ್ತಿದ್ದವನು ಮುಂದೆ ಕ್ರೈಸ್ತ ಧರ್ಮದ ಬೋಧಕನಾದ. ಅನುಮತಿಯಿಲ್ಲದೆ ಬೋಧಿಸಿದ್ದಕ್ಕೆ 12 ವರ್ಷ ಜೈಲಿನಲ್ಲಿ ಕಳೆದ. ಒಟ್ಟು ಸುಮಾರು 60 ಪುಸ್ತಕ ಬರೆದ. ಅವುಗಳಲ್ಲಿ 1678ರಲ್ಲಿ ಅಚ್ಚಾದ 'ಪಿಲ್‌ಗ್ರಿಮ್ಸ್ ಪ್ರೋಗ್ರೆಸ್', ಅಂದರೆ ಒಬ್ಬ ಯಾತ್ರಿಕನ ಯಾತ್ರೆಯ ಕಥೆ, 200ಕ್ಕೂ ಹೆಚ್ಚು ಭಾಷೆಗಳಿಗೆ ಹೋಗಿದೆ.

ನಾನು ಕ್ರೈಸ್ತಳಲ್ಲ. ಇದನ್ನು ಓದಿದರೆ ನನಗೇನು ಸಿಗುತ್ತೆ?

ಭಯದ ಬಗ್ಗೆ ಇಷ್ಟು ಪ್ರಾಮಾಣಿಕವಾಗಿ ಬರೆದವರು ಕಡಿಮೆ, ಅದು ಸಿಗುತ್ತೆ. ಬನಿಯನ್‌ಗೆ ದೇವರ ಮೇಲೆ ನಂಬಿಕೆ ಇರಲಿಲ್ಲ ಎಂದಲ್ಲ. ಆ ದೇವರು ತನ್ನನ್ನು ಕೈಬಿಟ್ಟಿದ್ದಾನೆ ಎಂಬ ಅನುಮಾನ ವರ್ಷಗಟ್ಟಲೆ ಅವನ ಬೆನ್ನು ಬಿಡಲಿಲ್ಲ. ನೀವು ಯಾವ ದೇವರಿಗೆ ಕೈಮುಗಿಯುತ್ತೀರಿ, ಮುಗಿಯುತ್ತೀರೋ ಇಲ್ಲವೋ ಎಂಬುದು ಇಲ್ಲಿ ಅಡ್ಡಿಯಲ್ಲ. 'ನಾನು ಕೆಟ್ಟವಳು, ನನಗೆ ಕ್ಷಮೆಯಿಲ್ಲ' ಎಂದು ರಾತ್ರಿಯೆಲ್ಲ ಕಣ್ಣುಬಿಟ್ಟು ಮಲಗಿದ ಯಾರಿಗೇ ಆದರೂ ಅವನ ಮಾತು ತಾಗುತ್ತದೆ. ಅವನ ಧರ್ಮಶಾಸ್ತ್ರವನ್ನು ಒಪ್ಪಲೇಬೇಕೆಂದಿಲ್ಲ. ನರಕದ ಬಗ್ಗೆ ಅವನು ಹೇಳುವ ಎಷ್ಟೋ ಮಾತುಗಳನ್ನು ನಾನೂ ಒಪ್ಪುವುದಿಲ್ಲ.

ಯಾವ ಪುಸ್ತಕದಿಂದ ಶುರುಮಾಡಲಿ?

ಹೆಚ್ಚಿನವರು 'ಪಿಲ್‌ಗ್ರಿಮ್ಸ್ ಪ್ರೋಗ್ರೆಸ್' ಹಿಡಿದು ಅರ್ಧಕ್ಕೇ ಇಡುತ್ತಾರೆ. ಮೊದಲು 'ಗ್ರೇಸ್ ಅಬೌಂಡಿಂಗ್ ಟು ದ ಚೀಫ್ ಆಫ್ ಸಿನ್ನರ್ಸ್' ಓದಿ. ಜೈಲಿನಲ್ಲಿ ಕೂತು ಬರೆದ ಆತ್ಮಕಥೆ ಅದು, 1666ರಲ್ಲಿ ಅಚ್ಚಾಯಿತು, ತೆಳುವಾದ ಪುಸ್ತಕ. ಆಮೇಲೆ ತನ್ನ ಬಂಧನ ಮತ್ತು ವಿಚಾರಣೆಯ ಬಗ್ಗೆ ಅವನೇ ಬರೆದಿಟ್ಟ 'ಎ ರಿಲೇಷನ್ ಆಫ್ ಮೈ ಇಂಪ್ರಿಸನ್‌ಮೆಂಟ್'. ಇದು ಬೆಳಕು ಕಂಡದ್ದು ಅವನು ಸತ್ತು ಎಷ್ಟೋ ಕಾಲವಾದ ಮೇಲೆ, 1765ರಲ್ಲಿ. ಈ ಎರಡು ಮುಗಿದ ಮೇಲೆ ಯಾತ್ರೆಯ ಕಥೆಗೆ ಬನ್ನಿ. ಅಲ್ಲಿನ ಕೆಸರು, ಕೋಟೆ, ದೈತ್ಯ ಯಾವುದೂ ಆಗ ಬರೀ ಕಥೆಯಾಗಿ ಉಳಿಯುವುದಿಲ್ಲ, ಎಲ್ಲ ಅವನು ನಡೆದುಬಂದ ಜಾಗಗಳೇ ಎಂದು ಗೊತ್ತಾಗುತ್ತದೆ.

ಕನ್ನಡದಲ್ಲಿ ಇದೆಯಾ?

ಯಾತ್ರೆಯ ಕಥೆ 19ನೇ ಶತಮಾನದಲ್ಲೇ ಮಿಷನರಿಗಳ ಕೈಯಿಂದ 'ಯಾತ್ರಿಕನ ಸಂಚಾರ' ಎಂಬ ಹೆಸರಿನಲ್ಲಿ ಕನ್ನಡಕ್ಕೆ ಬಂತು. ನಮ್ಮಲ್ಲಿ ಕಾದಂಬರಿ ಎಂಬ ಪ್ರಕಾರ ಇನ್ನೂ ಬೇರುಬಿಡದಿದ್ದ ಕಾಲ ಅದು. ಉದ್ದನೆಯ ಗದ್ಯಕಥೆ ಕನ್ನಡದಲ್ಲಿ ಹೇಗಿರಬಹುದು ಎಂದು ತೋರಿಸಿದ ಆರಂಭದ ಪುಸ್ತಕಗಳಲ್ಲಿ ಇದಕ್ಕೂ ಜಾಗವಿದೆ. ಇಂಗ್ಲಿಷ್ ಮೂಲ ಬೇಕಾದವರಿಗೆ ಅವನ ಪುಸ್ತಕಗಳು ಅಂತರ್ಜಾಲದಲ್ಲಿ ಉಚಿತವಾಗಿಯೇ ಸಿಗುತ್ತವೆ.

350 ವರ್ಷ ಹಳೆಯ ಇಂಗ್ಲಿಷ್ ನನಗೆ ಅರ್ಥವಾಗುತ್ತಾ?

ಆಗುತ್ತೆ. ಅವನು ಕಾಲೇಜು ಕಂಡವನಲ್ಲ. ಒಂದು ಕಡೆ ಬೈಬಲ್ಲಿನ ಭಾಷೆ, ಇನ್ನೊಂದು ಕಡೆ ಸಂತೆಯ ಮಾತು, ಎರಡೂ ಬೆರೆತ ಸರಳ ವಾಕ್ಯಗಳು. ಹಳೆಯ ಕ್ರಿಯಾಪದಗಳಿಗೆ ಕಿವಿ ಒಗ್ಗಿಕೊಳ್ಳಲು ಹತ್ತು ಪುಟ ಸಾಕು. ಎಡವಿದ ಕಡೆ ಜೋರಾಗಿ ಓದಿ. ಅವನು ಬಾಯಲ್ಲಿ ಹೇಳಿ ರೂಢಿಯಿದ್ದವನು, ಕಿವಿಗೆ ಬಿದ್ದರೆ ಬೇಗ ತಿಳಿಯುತ್ತದೆ.

## ಆ ಕಾಲದ ಇಂಗ್ಲೆಂಡ್

ಬರೀ ಬೋಧನೆ ಮಾಡಿದ್ದಕ್ಕೆ 12 ವರ್ಷ ಜೈಲಾ? ಅಂಥದ್ದೇನಾಗಿತ್ತು ಆಗ?

1642ರಲ್ಲಿ ರಾಜನಿಗೂ ಪಾರ್ಲಿಮೆಂಟಿಗೂ ಯುದ್ಧ ಹತ್ತಿಕೊಂಡಿತು. 1649ರಲ್ಲಿ ಒಂದನೇ ಚಾರ್ಲ್ಸ್‌ನ ತಲೆ ತೆಗೆದರು. ಮುಂದಿನ ಹನ್ನೊಂದು ವರ್ಷ ರಾಜನಿಲ್ಲ, ಬಿಷಪ್ಪರ ಹಿಡಿತವಿಲ್ಲ. ನೇಕಾರ, ಚಮ್ಮಾರ, ಪಾತ್ರೆ ತೇಪೆಯವನು, ಯಾರು ಬೇಕಾದರೂ ಎದ್ದು ನಿಂತು ದೇವರ ಮಾತು ಆಡಬಹುದಾಗಿತ್ತು. ಬನಿಯನ್ ಬೋಧಕನಾದದ್ದು ಈ ಗಾಳಿಯಲ್ಲಿ.

1660ರ ಮೇ ತಿಂಗಳಲ್ಲಿ ಎರಡನೇ ಚಾರ್ಲ್ಸ್ ಮರಳಿ ಬಂದ. ಸಭೆ ಸೇರಿ ಬೋಧಿಸುವ ಬಡವರು ಈಗ ಆಳುವವರ ಕಣ್ಣಿಗೆ ಮುಂದಿನ ದಂಗೆಯ ಬೀಜದಂತೆ ಕಂಡರು. ಅದೇ ವರ್ಷ ನವೆಂಬರ್ 12ರಂದು ಲೋವರ್ ಸ್ಯಾಮ್‌ಸೆಲ್ ಎಂಬಲ್ಲಿ ಬನಿಯನ್ ಸಿಕ್ಕಿಬಿದ್ದ. ವಾರಂಟು ಹೊರಟಿದೆ, ಹೋಗಿಬಿಡು ಎಂದು ಸ್ನೇಹಿತರು ಮೊದಲೇ ಹೇಳಿದ್ದರು. ಅವನು ಹೊರಗೆ ಹೊಲದಲ್ಲಿ ಸ್ವಲ್ಪ ಹೊತ್ತು ಓಡಾಡಿ ಯೋಚಿಸಿ, ಒಳಗೆ ಬಂದು ಪ್ರಾರ್ಥನೆ ಶುರುಮಾಡಿದ. ತಾನು ಓಡಿದರೆ ಹೊಸದಾಗಿ ನಂಬಿಕೆಗೆ ಬಂದವರು ಹೆದರಿಬಿಡುತ್ತಾರೆ ಎಂಬುದು ಅವನ ಚಿಂತೆ.

ಅವನ ಮೇಲೆ ಹಾಕಿದ್ದು ಎಲಿಜಬೆತ್ ರಾಣಿಯ ಕಾಲದ, 1593ರ ಹಳೇ ಕಾನೂನು. ಮೂರು ತಿಂಗಳು ಸೆರೆ, ಆಮೇಲೂ ಬಗ್ಗದಿದ್ದರೆ ಗಡೀಪಾರು, ಅನುಮತಿಯಿಲ್ಲದೆ ಮರಳಿದರೆ ನೇಣು. ಇವತ್ತು ಬಿಟ್ಟರೆ ನಾಳೆ ಮತ್ತೆ ಬೋಧಿಸುತ್ತೇನೆ ಎಂದುಬಿಟ್ಟ. ಗಡೀಪಾರು ಮಾಡಲಿಲ್ಲ, ಬಿಡಲೂ ಇಲ್ಲ. ಮೂರು ತಿಂಗಳು 12 ವರ್ಷವಾಯಿತು. 1672ರಲ್ಲಿ ರಾಜನೇ ಧಾರ್ಮಿಕ ಸಡಿಲಿಕೆಯ ಘೋಷಣೆ ಹೊರಡಿಸಿದ ಮೇಲೆ ಹೊರಬಂದ. ಒಂದು ಮಾತು ಮನಸ್ಸಿನಲ್ಲಿರಲಿ. 'ಇನ್ನು ಬೋಧಿಸುವುದಿಲ್ಲ' ಎಂದಿದ್ದರೆ ಆ 12 ವರ್ಷಗಳಲ್ಲಿ ಯಾವತ್ತಾದರೂ ಮನೆಗೆ ಹೋಗಬಹುದಿತ್ತು.

ಯುದ್ಧಕ್ಕೂ ಹೋಗಿದ್ದನಂತೆ?

ಹೌದು, 16ನೇ ವಯಸ್ಸಿಗೆ. 1644ರ ಜೂನಿನಲ್ಲಿ ತಾಯಿ ಹೋದಳು, ಜುಲೈನಲ್ಲಿ ತಂಗಿ ಹೋದಳು, ಆಗಸ್ಟಿನಲ್ಲಿ ಅಪ್ಪ ಮತ್ತೊಂದು ಮದುವೆಯಾದ. ನವೆಂಬರ್ ಹೊತ್ತಿಗೆ ಹುಡುಗ ನ್ಯೂಪೋರ್ಟ್ ಪ್ಯಾಗ್ನೆಲ್‌ನ ಪಾರ್ಲಿಮೆಂಟ್ ಪಡೆಯಲ್ಲಿದ್ದ. ಒಮ್ಮೆ ಅವನು ಹೋಗಬೇಕಿದ್ದ ಮುತ್ತಿಗೆಗೆ ಇನ್ನೊಬ್ಬ ಸೈನಿಕ ತಾನು ಹೋಗುತ್ತೇನೆಂದು ಹೋಗಿ, ಕಾವಲು ನಿಂತಿದ್ದಾಗ ತಲೆಗೆ ಗುಂಡು ಬಿದ್ದು ಸತ್ತ. ಆತ್ಮಕಥೆಯಲ್ಲಿ ಇದಕ್ಕೆ ಕೆಲವೇ ಸಾಲು ಕೊಟ್ಟಿದ್ದಾನೆ. ಆ ನಾಲ್ಕೈದು ತಿಂಗಳನ್ನು ತಲೆಯಲ್ಲಿಟ್ಟುಕೊಂಡು ಉಳಿದ ಪುಸ್ತಕ ಓದಿ.

## ಸಂಸಾರ

ಅವನ ಮೊದಲ ಹೆಂಡತಿಯ ಹೆಸರೇನು?

ಅವನು ಎಲ್ಲೂ ಬರೆಯಲಿಲ್ಲ. ಇಬ್ಬರ ಮಧ್ಯೆ ಒಂದು ತಟ್ಟೆ, ಒಂದು ಚಮಚವೂ ಇಲ್ಲದಷ್ಟು ಬಡತನದಲ್ಲಿ ಮದುವೆಯಾದೆವು ಎಂದು ಬರೆದಿದ್ದಾನೆ. ಅವಳು ತವರಿನಿಂದ ತಂದದ್ದು ತೀರಿಹೋದ ತಂದೆಯ ಎರಡು ಭಕ್ತಿಪುಸ್ತಕ ಮಾತ್ರ. ಇಬ್ಬರೂ ಕೂತು ಅವನ್ನು ಓದುತ್ತಿದ್ದರು. ಇಂಗ್ಲಿಷಿನ ಅಷ್ಟು ದೊಡ್ಡ ಲೇಖಕನ ಓದು ಗಟ್ಟಿಯಾದದ್ದು ಹೆಸರೇ ಉಳಿಯದ ಈ ಹೆಣ್ಣುಮಗಳ ಜೊತೆಯಲ್ಲಿ. ನಾಲ್ಕು ಮಕ್ಕಳನ್ನು ಹೆತ್ತು 1658ರಲ್ಲಿ ಅವಳು ತೀರಿಕೊಂಡಳು. ಮರುವರ್ಷ ಅವನು ಎಲಿಜಬೆತ್‌ಳನ್ನು ಮದುವೆಯಾದ.

ಹೆಂಡತಿ ಮಕ್ಕಳನ್ನು ನಡುನೀರಿನಲ್ಲಿ ಬಿಟ್ಟು ಜೈಲಿಗೆ ಹೋದವನನ್ನು ಹೇಗೆ ಮೆಚ್ಚೋದು?

ನನಗೆ ಅತಿ ಹೆಚ್ಚು ಬರುವ ಪ್ರಶ್ನೆ ಇದು. ಸಿಟ್ಟಿನಿಂದ ಕೇಳುವವರಲ್ಲಿ ಹೆಂಗಸರೇ ಜಾಸ್ತಿ. ಆ ಸಿಟ್ಟು ಸರಿಯಾಗಿಯೇ ಇದೆ. ಬನಿಯನ್ ಕೂಡ ಅದನ್ನು ತಪ್ಪೆನ್ನುತ್ತಿರಲಿಲ್ಲ.

ಹಿರಿಯ ಮಗಳು ಮೇರಿ ಹುಟ್ಟುಕುರುಡಿ. ಅಪ್ಪ ಸೆರೆಗೆ ಹೋದಾಗ ಅವಳಿಗೆ ಹತ್ತು ವರ್ಷ. ಹೆಂಡತಿ ಮಕ್ಕಳಿಂದ ಬೇರೆಯಾಗುವುದು ಎಲುಬಿನಿಂದ ಮಾಂಸ ಕಿತ್ತ ಹಾಗೆ ಎಂದು ಬರೆದಿದ್ದಾನೆ. ನನಗಿರುವುದೆಲ್ಲದಕ್ಕಿಂತ ಆ ಕುರುಡು ಕೂಸೇ ನನ್ನ ಎದೆಗೆ ಹತ್ತಿರ, ಅವಳು ಏಟು ತಿನ್ನಬೇಕು, ಭಿಕ್ಷೆ ಬೇಡಬೇಕು, ಹಸಿವು ಚಳಿ ಸಹಿಸಬೇಕು, ಅವಳ ಮೇಲೆ ಗಾಳಿ ಬೀಸುವುದನ್ನೂ ತಾಳಲಾರೆ ಎನ್ನುತ್ತಾನೆ. ಹೆಂಡತಿ ಮಕ್ಕಳ ತಲೆಯ ಮೇಲೆ ತನ್ನ ಮನೆಯನ್ನು ತಾನೇ ಕೆಡವುತ್ತಿರುವವನಂತೆ ಕಂಡೆ ಎಂದೂ ಹೇಳುತ್ತಾನೆ. ಆದರೂ ಮಾಡಲೇಬೇಕು, ಮಾಡಲೇಬೇಕು ಎಂದು ಎರಡು ಸಲ ಬರೆಯುತ್ತಾನೆ.

ಜೈಲಿನಲ್ಲಿ ಸುಮ್ಮನೆ ಕೂರಲಿಲ್ಲ. ಬಟ್ಟೆಗೆ ಕಟ್ಟುವ ಉದ್ದನೆಯ ಲೇಸುಗಳ ತುದಿಗೆ ಲೋಹದ ಮೊನೆ ಹಾಕಿ, ಅಂಥವನ್ನು ಸಾವಿರಗಟ್ಟಲೆ ಮಾಡಿ ಮಾರಾಟಕ್ಕೆ ಕೊಟ್ಟು ಮನೆಗೆ ಕಾಸು ಕಳಿಸಿದ. ಅವನು ಹೊರಬರುವ ಮೊದಲೇ ಮೇರಿ ಸತ್ತಳು. ಅವನು ಮಾಡಿದ್ದು ಸರಿಯೇ ಎಂದು ನಾನು ತೀರ್ಪು ಕೊಡಲಾರೆ. ಆ ಬೆಲೆ ಎಷ್ಟೆಂದು ಅವನಿಗೆ ಗೊತ್ತಿತ್ತು, ಅದನ್ನು ಮುಚ್ಚಿಡಲಿಲ್ಲ, ತ್ಯಾಗವೆಂದು ಹೊಗಳಿಕೊಳ್ಳಲೂ ಇಲ್ಲ. ಹಾಗಾಗಿಯೇ ಅವನ ಮಾತನ್ನು ನಂಬುತ್ತೇನೆ.

ಎಲಿಜಬೆತ್ ಕೋರ್ಟಿನಲ್ಲಿ ಏನು ಹೇಳಿದಳು?

ಅವನ ಬರಹದಲ್ಲಿ ನನಗೆ ಅತ್ಯಂತ ಪ್ರಿಯವಾದ ಭಾಗ ಇದು, ಮತ್ತು ಇಲ್ಲಿ ಮಾತಾಡುವವಳು ಅವಳು.

1661ರ ಆಗಸ್ಟ್. ಅರ್ಜಿ ಹಿಡಿದು ಅವಳು ಆಗಲೇ ಲಂಡನ್ನಿಗೂ ಹೋಗಿ ಬಂದಿದ್ದಾಳೆ. ಬೆಡ್‌ಫರ್ಡಿಗೆ ನ್ಯಾಯಾಧೀಶರು ಬಂದಾಗ ಮ್ಯಾಥ್ಯೂ ಹೇಲ್ ಎಂಬುವರ ಕೈಗೆ ಒಂದು ಅರ್ಜಿ ಕೊಟ್ಟಳು. ಮಾರನೆಯ ದಿನ ಟ್ವಿಸ್‌ಡನ್ ಎಂಬ ಇನ್ನೊಬ್ಬ ನ್ಯಾಯಾಧೀಶನ ಸಾರೋಟಿನೊಳಕ್ಕೆ ಒಂದನ್ನು ಎಸೆದಳು. ಅವನು ಗದರಿಸಿದ. ಕೊನೆಗೆ ಸ್ವಾನ್ ಎಂಬ ಛತ್ರದ ಕೋಣೆಗೆ, ನ್ಯಾಯಾಧೀಶರೂ ಊರ ದೊಡ್ಡವರೂ ತುಂಬಿದ್ದಲ್ಲಿಗೆ, ನಾಚಿಕೆಯಿಂದ ಮುಖ ಕೆಂಪಾಗಿ, ಎದೆ ನಡುಗುತ್ತಾ ಒಳಗೆ ಹೋದಳು.

ನಿನ್ನ ಗಂಡ ಬೋಧನೆ ಬಿಡುತ್ತಾನಾ ಎಂದು ಕೇಳಿದರು. ಮಾತಾಡಲು ಬರುವ ತನಕ ಬಿಡಲಾರ, ಸ್ವಾಮಿ ಎಂದಳು. ನನಗೆ ನಾಲ್ಕು ಸಣ್ಣ ಮಕ್ಕಳು, ಒಂದು ಕುರುಡು, ಪುಣ್ಯಾತ್ಮರು ಕೊಟ್ಟದ್ದರಲ್ಲಿ ಬದುಕುತ್ತಿದ್ದೇವೆ ಎಂದಳು. ಇಷ್ಟು ಚಿಕ್ಕವಳಿಗೆ ನಾಲ್ಕು ಮಕ್ಕಳೇ ಎಂದು ಹೇಲ್ ಆಶ್ಚರ್ಯಪಟ್ಟಾಗ, ನಾನು ಮಲತಾಯಿ, ಮದುವೆಯಾಗಿ ಎರಡು ವರ್ಷವೂ ತುಂಬಿಲ್ಲ ಎಂದಳು. ಗಂಡನನ್ನು ಹಿಡಿದರೆಂಬ ಸುದ್ದಿ ಬಂದಾಗ ತುಂಬು ಬಸುರಿ. ಗಾಬರಿಗೆ ನೋವು ಕಾಣಿಸಿಕೊಂಡು, ಎಂಟು ದಿನ ನರಳಿ, ಹುಟ್ಟಿದ ಕೂಸು ಉಳಿಯಲಿಲ್ಲ. ಅದನ್ನೂ ಹೇಳಿದಳು. ಹೇಲ್‌ಗೆ ಮರುಕ ಬಂತು, ಪಾಪ ಎಂದ. ಬಡತನವನ್ನು ಮೇಲಂಗಿಯಂತೆ ಹೊದ್ದು ನಾಟಕ ಆಡುತ್ತೀಯೆಂದು ಟ್ವಿಸ್‌ಡನ್ ರೇಗಿದ. ಆಗ ಅವಳು ಅಂದ ಮಾತು: ಅವನು ಪಾತ್ರೆ ತೇಪೆಯವನು, ಬಡವ, ಅದಕ್ಕೇ ಅವನನ್ನು ಕೀಳಾಗಿ ಕಾಣುತ್ತೀರಿ, ಅವನಿಗೆ ನ್ಯಾಯ ಸಿಗುತ್ತಿಲ್ಲ.

ಬಿಡುಗಡೆ ಸಿಗಲಿಲ್ಲ. ಇನ್ನೂ ಹತ್ತು ವರ್ಷಕ್ಕೂ ಹೆಚ್ಚು ಕಾಲ ಅವಳು ತಾನು ಹೆರದ ಆ ಮಕ್ಕಳನ್ನು ಸಾಕಿದಳು.

ಆ ಕಾಲದ ಹೆಣ್ಣುಮಕ್ಕಳೇ ಬರೆದದ್ದು ಏನಾದರೂ ಇದೆಯಾ?

ಆಗ್ನೆಸ್ ಬ್ಯೂಮಂಟ್ ಬರೆದಿಟ್ಟದ್ದನ್ನು ಹುಡುಕಿ ಓದಿ, ಒಂದು ಸಂಜೆಯಲ್ಲಿ ಮುಗಿಯುತ್ತದೆ. ರೈತನ ಮಗಳು. 1674ರಲ್ಲಿ ಸಭೆಗೆ ಹೋಗಲು ಬೇರೆ ದಾರಿಯಿಲ್ಲದೆ ಬನಿಯನ್‌ನ ಕುದುರೆಯ ಮೇಲೆ ಅವನ ಹಿಂದೆ ಕೂತು ಹೋದಳು. ಮರಳುವಷ್ಟರಲ್ಲಿ ಅಪ್ಪ ಬಾಗಿಲು ಹಾಕಿಕೊಂಡಿದ್ದ. ಚಳಿಗಾಲದ ಆ ರಾತ್ರಿ ಕೊಟ್ಟಿಗೆಯಲ್ಲಿ ಕಳೆದಳು. ಅಪ್ಪನ ಅಪ್ಪಣೆಯಿಲ್ಲದೆ ಸಭೆಗೆ ಹೋಗುವುದಿಲ್ಲ ಎಂದು ಕೊನೆಗೆ ಮಾತು ಕೊಟ್ಟು ಒಳಗೆ ಸೇರಿದಳು. ಎರಡೇ ದಿನಕ್ಕೆ ಅಪ್ಪ ಹಠಾತ್ತನೆ ಸತ್ತ. ಬನಿಯನ್ ಜೊತೆ ಸೇರಿ ವಿಷ ಹಾಕಿದಳು ಎಂದು ಆಪಾದನೆ ಬಂತು. ವಿಚಾರಣೆಯಲ್ಲಿ ನಿರಪರಾಧಿ ಎಂದು ತೀರ್ಮಾನವಾಯಿತು. ಅಪ್ಪನ ಮೇಲಿನ ಪ್ರೀತಿ, ಕೊಟ್ಟ ಮಾತಿಗೆ ಪಟ್ಟ ಪಶ್ಚಾತ್ತಾಪ, ಊರವರ ಬಾಯಿ, ಎಲ್ಲವೂ ಅವಳ ಬರಹದಲ್ಲಿವೆ.

## ಮನಸ್ಸಿನ ಗುದ್ದಾಟ

ಅವನಿಗೆ ಇದ್ದದ್ದು ಒಸಿಡಿ ಅಂತಾರಲ್ಲ, ನಿಜವಾ?

350 ವರ್ಷದ ಹಿಂದಿನವನನ್ನು ಪರೀಕ್ಷೆ ಮಾಡಿ ಹೇಳಲು ಯಾರಿಂದಲೂ ಆಗದು. ಅವನು ಬರೆದದ್ದಕ್ಕೂ ನಾವು ಇಂದು ಗೀಳು ಕಾಯಿಲೆ ಎನ್ನುವುದಕ್ಕೂ ಹೋಲಿಕೆ ಮಾತ್ರ ಬೆರಗುಗೊಳಿಸುವಷ್ಟಿದೆ.

ಚರ್ಚಿನ ಗಂಟೆ ಬಾರಿಸುವುದೆಂದರೆ ಅವನಿಗೆ ಬಲು ಇಷ್ಟ. ಅದು ಪಾಪವೆನಿಸಿ ಬಿಟ್ಟ, ನೋಡಲು ಮಾತ್ರ ಹೋಗುತ್ತಿದ್ದ. ಗಂಟೆ ಕಳಚಿ ಬಿದ್ದರೆ? ದಪ್ಪ ತೊಲೆಯ ಕೆಳಗೆ ಹೋಗಿ ನಿಂತ. ಗಂಟೆ ತೂಗಿ ಗೋಡೆಗೆ ಬಡಿದು ತಿರುಗಿ ತನ್ನ ಮೇಲೇ ಬಂದರೆ? ಬಾಗಿಲಿಗೆ ಬಂದು ನಿಂತ. ಗೋಪುರವೇ ಕುಸಿದರೆ? ಅಲ್ಲಿಂದಲೂ ಓಡಿದ. ಇನ್ನೊಮ್ಮೆ ಎಲ್‌ಸ್ಟೋದಿಂದ ಬೆಡ್‌ಫರ್ಡಿಗೆ ನಡೆಯುವಾಗ, ತನಗೆ ನಿಜವಾದ ನಂಬಿಕೆ ಇದೆಯೋ ಇಲ್ಲವೋ ನೋಡಲು, ದಾರಿಯ ನೀರಿನ ಹೊಂಡಗಳಿಗೆ ಒಣಗಿ ಎಂದು ಹೇಳಬೇಕೆನಿಸಿತು. ಒಣಗದಿದ್ದರೆ ತನ್ನ ಕಥೆ ಮುಗಿದ ಹಾಗೆ ಎಂಬ ಭಯಕ್ಕೆ ಬಾಯಿ ಬಿಡಲಿಲ್ಲ.

ಆಮೇಲೆ ಬಂದದ್ದು ಇನ್ನೂ ಘೋರ. ಕ್ರಿಸ್ತನನ್ನು ಮಾರಿಬಿಡು, ಮಾರಿಬಿಡು ಎಂಬ ಮಾತು ಊಟ ಮಾಡುವಾಗ, ಕಡ್ಡಿ ಸೀಳುವಾಗ, ಸೂಜಿ ಹೆಕ್ಕಲು ಬಗ್ಗಿದಾಗಲೂ ತಲೆಯೊಳಗೆ. ಮಾರೆನು ಎಂದು ಮೈಕೈಯೆಲ್ಲ ಅಲುಗಾಡಿಸಿ ತಳ್ಳುತ್ತಿದ್ದ. ಒಂದು ಬೆಳಿಗ್ಗೆ ಹಾಸಿಗೆಯಲ್ಲಿ ಸುಸ್ತಾಗಿ, ಹೋಗುವುದಾದರೆ ಹೋಗಲಿ ಎಂಬ ಯೋಚನೆ ಹಾದುಹೋಯಿತು. ಅಷ್ಟಕ್ಕೇ ಮುಂದೆ ಎರಡು ವರ್ಷಕ್ಕೂ ಮೇಲ್ಪಟ್ಟು ತಾನು ಕ್ಷಮೆಯಿಲ್ಲದ ಪಾಪಿ ಎಂದು ಬೆಂದ. ವಿಲಿಯಂ ಜೇಮ್ಸ್ ಎಂಬ ಮನಶ್ಶಾಸ್ತ್ರಜ್ಞ 1902ರ ತನ್ನ ಗ್ರಂಥದಲ್ಲಿ ಬನಿಯನ್‌ನ ಮನಸ್ಸನ್ನು ಉದಾಹರಣೆಯಾಗಿ ಎತ್ತಿಕೊಂಡಿದ್ದು ಸುಮ್ಮನೆ ಅಲ್ಲ.

ಹಾಗಾದರೆ ಹೇಗೆ ಹೊರಗೆ ಬಂದ?

ಒಂದೇ ಏಟಿಗೆ ಬರಲಿಲ್ಲ. ಬೆಡ್‌ಫರ್ಡಿನ ಬೀದಿಯಲ್ಲಿ ಮೂರ್ನಾಲ್ಕು ಬಡ ಹೆಂಗಸರು ಬಾಗಿಲಲ್ಲಿ ಬಿಸಿಲು ಕಾಯಿಸುತ್ತಾ ದೇವರ ವಿಷಯ ಮಾತಾಡುತ್ತಿದ್ದರು. ಅವರ ದನಿಯಲ್ಲಿದ್ದ ಸಂತೋಷಕ್ಕೆ ಸೋತು ಅವರ ಬಳಿ ಹೋಗಿ ಬರತೊಡಗಿದ. ಅವರ ಸಭೆಯ ಹಿರಿಯ ಜಾನ್ ಗಿಫರ್ಡ್ ಅವನ ಮಾತಿಗೆ ಕಿವಿಗೊಟ್ಟ. ಮುಟ್ಟಿದರೆ ಪುಡಿಯಾಗುವಂಥ ಹಳೇ ಪುಸ್ತಕವೊಂದು, ಧರ್ಮಸುಧಾರಕ ಮಾರ್ಟಿನ್ ಲೂಥರ್ ಬೈಬಲ್ಲಿನ ಗಲಾತ್ಯದ ಪತ್ರಿಕೆಗೆ ಬರೆದ ವ್ಯಾಖ್ಯಾನ, ಕೈಗೆ ಸಿಕ್ಕಿತು. ತನ್ನ ಎದೆಯೊಳಗಿಂದಲೇ ಬರೆದ ಹಾಗಿದೆ ಎಂದುಕೊಂಡ.

'ನನ್ನ ಕೃಪೆ ಸಾಕು' ಎಂಬ ಬೈಬಲ್ಲಿನ ವಾಕ್ಯ ಒಮ್ಮೆ ಮನಸ್ಸಿಗೆ ಬಂತು, ಆದರೆ 'ನಿನಗೆ' ಎಂಬ ಪದ ಬರಲಿಲ್ಲ. ಆ ಒಂದು ಪದಕ್ಕಾಗಿ ವಾರಗಟ್ಟಲೆ ಕಾದ. ಪುಸ್ತಕದ ಕೊನೆಯಲ್ಲೂ, ಇವತ್ತಿಗೂ ನನ್ನ ಹೃದಯದಲ್ಲಿ ಏಳು ಕೆಡುಕುಗಳಿವೆ ಎಂದು ಎಣಿಸುತ್ತಾನೆ. ಮೊದಲನೆಯದೇ ಅಪನಂಬಿಕೆಯತ್ತ ವಾಲುವುದು. ಅವನ ಭಯ ಪೂರ್ತಿ ಹೋಗಲಿಲ್ಲ. ಅದನ್ನು ಪಕ್ಕದಲ್ಲಿಟ್ಟುಕೊಂಡೇ ನಡೆದ, ಕೆಲಸ ಮಾಡಿದ, ಬೇರೆಯವರ ಭಯಕ್ಕೆ ಕಿವಿಯಾದ.

ನನಗೂ ಇಂಥ ಯೋಚನೆಗಳೇ ಬರುತ್ತವೆ. ಓದಬಹುದಾ?

ಈಗ ಅದರ ನಡುವೆ ಇದ್ದರೆ ಆತ್ಮಕಥೆಯನ್ನು ಪಕ್ಕಕ್ಕಿಡಿ. ಅದರಲ್ಲಿ ಸುಳಿ ಜಾಸ್ತಿ, ಓದುವವರನ್ನೂ ಎಳೆಯುತ್ತದೆ. ಬನಿಯನ್ ಕಾಲದಲ್ಲಿ ಇದಕ್ಕೆ ಚಿಕಿತ್ಸೆ ಇರಲಿಲ್ಲ, ಈಗ ಇದೆ, ಫಲ ಕೊಡುತ್ತದೆ. ಮನೋವೈದ್ಯರನ್ನು ಕಾಣಿ. ಎಲ್ಲಿ ಶುರುಮಾಡಬೇಕೆಂದು ತೋಚದಿದ್ದರೆ ಸರ್ಕಾರದ ಟೆಲಿ ಮಾನಸ್ ಸಂಖ್ಯೆ 14416ಕ್ಕೆ ಉಚಿತವಾಗಿ ಕರೆ ಮಾಡಿ, ಕನ್ನಡದಲ್ಲೇ ಮಾತಾಡಬಹುದು. ಪ್ರಾರ್ಥನೆ ಮಾಡುವವರು ಅದರ ಜೊತೆಗೆ ಪ್ರಾರ್ಥಿಸಿ. ಒಂದು ಮಾಡಿದರೆ ಇನ್ನೊಂದು ಬಿಡಬೇಕೆಂದು ಯಾರಾದರೂ ಹೇಳಿದರೆ ಕೇಳಬೇಡಿ.

## ಆಳಕ್ಕೆ ಇಳಿಯುವವರಿಗೆ

ಯಾತ್ರೆಯ ಕಥೆಯಲ್ಲಿ ಪಾತ್ರಗಳ ಹೆಸರೇ ಹತಾಶೆ, ಸಂದೇಹ. ಬೇಜಾರಾಗಲ್ವಾ?

ಹೆಸರು ನೋಡಿದರೆ ಹಾಗನಿಸುತ್ತೆ. ಸಂದೇಹದ ಕೋಟೆಯ ಭಾಗ ಓದಿ ನೋಡಿ. ಕ್ರಿಶ್ಚಿಯನ್ ಮತ್ತು ಹೋಪ್‌ಫುಲ್, ಇಬ್ಬರು ದಾರಿಗರು, ಹಾದಿ ತಪ್ಪಿ ಹತಾಶೆಯೆಂಬ ದೈತ್ಯನ ಕೈಗೆ ಬೀಳುತ್ತಾರೆ. ಬುಧವಾರ ಬೆಳಿಗ್ಗೆಯಿಂದ ಶನಿವಾರ ರಾತ್ರಿವರೆಗೆ ಕತ್ತಲ ಕೋಣೆ, ಚೂರು ರೊಟ್ಟಿಯಿಲ್ಲ, ಹನಿ ನೀರಿಲ್ಲ. ದೈತ್ಯ ರಾತ್ರಿ ಹಾಸಿಗೆಯಲ್ಲಿ ಹೆಂಡತಿಯನ್ನು ಕೇಳುತ್ತಾನೆ, ನಾಳೆ ಇವರಿಗೆ ಏನು ಮಾಡಲಿ ಅಂತ. ಬಿಸಿಲು ಚೆನ್ನಾಗಿ ಬಿದ್ದ ದಿನ ಅವನಿಗೆ ಮೂರ್ಛೆ ಬಂದು ಕೈ ಆಡುವುದಿಲ್ಲ. ಹತಾಶೆಯ ಜೊತೆ ಬಾಳಿದವನಿಗೆ ಮಾತ್ರ ಹೊಳೆಯುವ ವಿವರ ಇದು. ನಿಮ್ಮ ಜೀವ ನೀವೇ ತೆಗೆದುಕೊಳ್ಳಿ ಎಂದು ದೈತ್ಯ ಒತ್ತಾಯಿಸಿದಾಗ ಕ್ರಿಶ್ಚಿಯನ್ ತೂಗಾಡುತ್ತಾನೆ. ಜೊತೆಗಾರ ತಡೆಯುತ್ತಾನೆ, ಇನ್ನೊಂದು ಸ್ವಲ್ಪ ತಾಳೋಣ, ನಾಳೆ ಅವನು ಬೀಗ ಹಾಕುವುದು ಮರೆಯಲೂಬಹುದು ಎನ್ನುತ್ತಾನೆ. ಕೊನೆಗೆ ಬೆಳಗಿನ ಜಾವ ಕ್ರಿಶ್ಚಿಯನ್‌ಗೆ ನೆನಪಾಗುತ್ತದೆ. ವಾಗ್ದಾನ ಎಂಬ ಬೀಗದ ಕೈ ಮೊದಲಿನಿಂದಲೂ ತನ್ನ ಎದೆಯ ಬಳಿಯೇ ಇತ್ತು. ಹೊರಬಾಗಿಲ ಬೀಗ ಮಾತ್ರ ಬಲು ಬಿಗಿಯಾಗಿ ತಿರುಗುತ್ತದೆ.

ಎರಡನೇ ಭಾಗವನ್ನೂ ಓದಲೇಬೇಕಾ?

ಓದಲೇಬೇಕು. 1684ರಲ್ಲಿ ಬಂದ ಅದರಲ್ಲಿ, ಮೊದಲ ಭಾಗದ ನಾಯಕ ಕಿವಿ ಮುಚ್ಚಿಕೊಂಡು ಬಿಟ್ಟುಹೋಗಿದ್ದ ಹೆಂಡತಿ ಕ್ರಿಸ್ಟಿಯಾನ ನಾಲ್ಕು ಗಂಡುಮಕ್ಕಳನ್ನು ಕರೆದುಕೊಂಡು ಅದೇ ದಾರಿಗೆ ಇಳಿಯುತ್ತಾಳೆ. ನಾಲ್ಕು ಎಂಬ ಎಣಿಕೆ ಕಂಡಾಗಲೆಲ್ಲ ನನಗೆ ಎಲಿಜಬೆತ್ ನೆನಪಾಗುತ್ತಾಳೆ. ಮೊದಲ ಭಾಗದಲ್ಲಿ ಒಂಟಿ ನಡಿಗೆ ಹೆಚ್ಚು. ಇಲ್ಲಿ ಮಕ್ಕಳು, ಮುದುಕರು, ಊರುಗೋಲಿನವರು ಎಲ್ಲ ಸೇರಿ ಗುಂಪಾಗಿ ಹೋಗುತ್ತಾರೆ. ಕಾಯುವುದಕ್ಕೆ ಒಬ್ಬ ಇದ್ದಾನೆ. ಯಾರಾದರೂ ಸುಸ್ತಾದರೆ ಎಲ್ಲರೂ ನಿಲ್ಲುತ್ತಾರೆ.

ಫಿಯರಿಂಗ್ ಎಂಬ ಅಂಜುಬುರುಕನನ್ನು ಮರೆಯಲಾಗದು. ನಿರಾಶೆಯ ಕೆಸರಿನ ದಡದಲ್ಲಿ ಒಂದು ತಿಂಗಳಿಗೂ ಹೆಚ್ಚು ಬಿದ್ದಿದ್ದವನು, ಒಂದು ಹುಲ್ಲುಕಡ್ಡಿ ಅಡ್ಡ ಬಂದರೂ ಬೆದರುವವನು. ಅವನು ಸಾವಿನ ಹೊಳೆಗೆ ಬಂದಾಗ ನೀರು ಹಿಂದೆಂದೂ ಇಲ್ಲದಷ್ಟು ಇಳಿದಿರುತ್ತದೆ, ಹೆಚ್ಚುಕಡಿಮೆ ಪಾದ ನೆನೆಸಿಕೊಂಡು ದಾಟಿಬಿಡುತ್ತಾನೆ. ಮಚ್ ಅಫ್ರೇಡ್ ಎಂಬ ಹುಡುಗಿ ಹಾಡುತ್ತಾ ದಾಟುತ್ತಾಳೆ, ಏನು ಹಾಡಿದಳೆಂದು ದಡದಲ್ಲಿದ್ದ ಯಾರಿಗೂ ತಿಳಿಯುವುದಿಲ್ಲ. ನಮ್ಮಪ್ಪ ಆಸ್ಪತ್ರೆಯಲ್ಲಿದ್ದ ಕೊನೆಯ ವಾರ ನಾನು ಈ ಪುಟಗಳನ್ನು ಓದುತ್ತಿದ್ದೆ. ಅದಕ್ಕೇ ಈ ಭಾಗದ ಬಗ್ಗೆ ನನಗೆ ಪಕ್ಷಪಾತವಿದೆ.

ಅವನ ಕೊನೆಗಾಲ ಹೇಗಿತ್ತು?

ಮುನಿಸಿಕೊಂಡು ದೂರವಾಗಿದ್ದ ಬೇರೊಂದು ಮನೆಯ ಅಪ್ಪ ಮಗನನ್ನು ಒಂದುಮಾಡಲು 1688ರ ಆಗಸ್ಟಿನಲ್ಲಿ ರೆಡಿಂಗ್ ಊರಿಗೆ ಕುದುರೆಯ ಮೇಲೆ ಹೋದ. ರಾಜಿ ಆಯಿತು. ಅಲ್ಲಿಂದ ಲಂಡನ್ನಿಗೆ ಬರುವಾಗ ಜೋರು ಮಳೆಯಲ್ಲಿ ನೆನೆದು ಜ್ವರ ಹಿಡಿಯಿತು. ಆಗಸ್ಟ್ 31ರಂದು ಲಂಡನ್ನಿನಲ್ಲಿ ದಿನಸಿ ವ್ಯಾಪಾರಿ ಗೆಳೆಯನ ಮನೆಯಲ್ಲಿ ಸತ್ತ. ಸಮಾಧಿ ಬನ್‌ಹಿಲ್ ಫೀಲ್ಡ್ಸ್‌ನಲ್ಲಿದೆ. ಅವನಂಥವರು ಸಭೆ ಸೇರಲು ಅವಕಾಶ ಕೊಡುವ ಕಾನೂನು ಬಂದದ್ದು ಮರುವರ್ಷ, 1689ರಲ್ಲಿ.

ಮತ್ತೆ ಜೈಲಿಗೆ ಹಾಕಿ ಇದ್ದದ್ದನ್ನೆಲ್ಲ ಕಿತ್ತುಕೊಂಡಾರೆಂಬ ಹೆದರಿಕೆಯಿಂದ 1685ರಲ್ಲೇ ಅವನು ತನ್ನದೆಲ್ಲವನ್ನೂ ಎಲಿಜಬೆತ್ ಹೆಸರಿಗೆ ಬರೆದು, ಆ ಕಾಗದವನ್ನು ಮನೆಯಲ್ಲಿ ಬಚ್ಚಿಟ್ಟಿದ್ದ. ಅದು ಹೊರಬಂದದ್ದು 19ನೇ ಶತಮಾನದಲ್ಲಿ ಆ ಮನೆ ಕೆಡವಿದಾಗ. ಅಷ್ಟು ಹೊತ್ತಿಗೆ ಅವನ ಯಾತ್ರಿಕ ಲೋಕವೆಲ್ಲ ಸುತ್ತಿ ಆಗಿತ್ತು. ಆ ಕಾಗದದಲ್ಲಿ ತನ್ನ ಹೆಸರಿನ ಮುಂದೆ ಬೋಧಕನೆಂದಾಗಲಿ ಲೇಖಕನೆಂದಾಗಲಿ ಅವನು ಬರೆದುಕೊಂಡಿಲ್ಲ. ಕಂಚುಗಾರ ಎಂದಿದೆ.